ನಿಘಂಟಿನ ಕಿಟ್ಟೆಲ್ ಸಾಹೇಬರು

ಮೊನ್ನೆ ಕನ್ನಡ ಮೇಷ್ಟ್ರು ಸಮಾನಾರ್ಥಕ ಪದ ಹಾಕಿ ವಾಕ್ಯ ಬದಲಾಯಿಸಿ ಬರೆಯಿರಿ ಎಂದಾಗ ನನ್ನ ಪಾಡು ಏನಾಯ್ತು ಅಂತ ನಿಮಗೆಲ್ಲ ಗೊತ್ತೇ ಇದೆ. ಮಳೆ ಕೈಕೊಟ್ಟಿತು, ತಾತ ತಲೆ ಮೇಲೆ ಕೈ ಹೊತ್ತು ಕೂತರು ಅಂತ ಇತ್ತು. ನಾನು ಚಿಕ್ಕ ಪದಕೋಶ ನೋಡಿಕೊಂಡು, ವರ್ಷ ಹಸ್ತ ಕೊಟ್ಟಿತು, ತಾತ ಶಿರದ ಮೇಲೆ ಹಸ್ತ ಹೊತ್ತು ಕೂತರು ಅಂತ ಬರೆದೆ. ಇಡೀ ಕ್ಲಾಸು ಬಿದ್ದು ಬಿದ್ದು ನಕ್ಕಿತು. ಒಂದೊಂದು ಪದದ ಅರ್ಥವೂ ಸರಿಯಾಗೇ ಇತ್ತು, ಆದರೂ ವಾಕ್ಯ ಕೆಟ್ಟುಹೋಯ್ತು. ಯಾಕೆ ಅಂತ ಕೇಳಿದ್ದಕ್ಕೆ ಮೇಷ್ಟ್ರು ಕಿಟ್ಟೆಲ್ ಅವರ ಬಗ್ಗೆ ಓದು ಅಂದರು.

ಫರ್ಡಿನಾಂಡ್ ಕಿಟ್ಟೆಲ್ ಅವರು 1832ರಲ್ಲಿ ಜರ್ಮನಿಯಲ್ಲಿ ಜನಿಸಿದರು. ತಂದೆ ಪಾದ್ರಿ. ರೀವ್ ಎಂಬುವರ ಕನ್ನಡ-ಇಂಗ್ಲಿಷ್ ನಿಘಂಟು ಮದ್ರಾಸಿನಲ್ಲಿ ಅಚ್ಚಾದದ್ದೂ ಅದೇ ವರ್ಷ, ತಮಾಷೆ ನೋಡಿ. 1853ರಲ್ಲಿ ಬಾಸೆಲ್ ಮಿಷನ್ನಿನವರು ಇವರನ್ನು ಇಲ್ಲಿಗೆ ಕಳಿಸಿದರು. ಧಾರವಾಡ, ಮಂಗಳೂರು, ಮಡಿಕೇರಿಗಳಲ್ಲಿ ಕೆಲಸ. ಬಂದದ್ದು ಧರ್ಮಪ್ರಚಾರಕ್ಕೆ, ಹಿಡಿದದ್ದು ಕನ್ನಡದ ಹುಚ್ಚು. 1862ರಲ್ಲಿ ಯೇಸುವಿನ ಕಥೆಯನ್ನು ಕನ್ನಡ ಪದ್ಯದಲ್ಲೇ ಕಥಾಮಾಲೆ ಎಂದು ಬರೆದರು. ಕೇಶಿರಾಜನ ಶಬ್ದಮಣಿದರ್ಪಣವನ್ನೂ ನಾಗವರ್ಮನ ಛಂದೋಂಬುಧಿಯನ್ನೂ ಅಚ್ಚು ಹಾಕಿಸಿದರು.

ಆದರೆ ಅವರ ಹೆಸರು ಉಳಿದಿರುವುದು ನಿಘಂಟಿನಿಂದ. ಪರದೇಶದವರಿಗೆ ನನ್ನ ಕಷ್ಟವೇ ಇನ್ನೂ ಜಾಸ್ತಿ ಇರುತ್ತದೆ. ಕೈ ಅಂದರೂ ಹಸ್ತ ಅಂದರೂ ಒಂದೇ ಅಂತ ಕಲಿತುಬಿಟ್ಟರೆ ಕೈಬಿಟ್ಟ, ಕೈಹಿಡಿದ, ಕೈಹಾಕಿದ ಎಂಬುದಕ್ಕೆಲ್ಲ ಏನು ಮಾಡೋದು? ಈ ನಮ್ಮ ಪತ್ರಿಕೆಯನ್ನೇ ಕೈಬರಹದ ಪತ್ರಿಕೆ ಅನ್ನುತ್ತೇವೆ, ಹಸ್ತಾಕ್ಷರದ ಪತ್ರಿಕೆ ಅನ್ನಲ್ಲ. ಅದಕ್ಕೇ ಕಿಟ್ಟೆಲ್ ಬರೀ ಅರ್ಥ ಬರೆದು ಸುಮ್ಮನಾಗಲಿಲ್ಲ. ಹಳೆಯ ಕಾವ್ಯಗಳಿಂದ ಪ್ರಯೋಗ ಕೊಟ್ಟರು. ರಾಶಿ ರಾಶಿ ಗಾದೆಗಳನ್ನು ಸೇರಿಸಿದರು. ಇದು ಮೈಸೂರು ಕಡೆ ಮಾತು, ಇದು ಇನ್ನೊಂದು ಕಡೆ ಮಾತು ಎಂದು ಗುರುತು ಹಾಕಿದರು. ಗಾದೆ ಏಕೆ ಬೇಕಿತ್ತು ಅಂತ ನನಗೆ ಈಗ ಗೊತ್ತಾಯ್ತು. ಗಾದೆಯಲ್ಲಿ ಒಂದು ಪದ ಕಿತ್ತು ಬೇರೆ ಹಾಕಿದರೆ ಅದು ಗಾದೆಯೇ ಅಲ್ಲ.

ನಡುವೆ ಊರಿಗೆ ಹೋದವರು ಐವತ್ತು ದಾಟಿದ ಮೇಲೂ ನಿಘಂಟಿಗಾಗಿ ಮತ್ತೆ ಬಂದರು. 1894ರಲ್ಲಿ ಮಂಗಳೂರಿನಲ್ಲಿ ಪುಸ್ತಕ ಹೊರಬಂತು. ಸುಮಾರು 70,000 ಪದಗಳು, 1,700ಕ್ಕೂ ಹೆಚ್ಚು ಪುಟ! 1896ರಲ್ಲಿ ಟ್ಯೂಬಿಂಗನ್ ವಿಶ್ವವಿದ್ಯಾಲಯ ಅವರಿಗೆ ಡಾಕ್ಟರೇಟ್ ಕೊಟ್ಟಿತು. ಅದೇ ಊರಿನಲ್ಲಿ 1903ರಲ್ಲಿ ತೀರಿಕೊಂಡರು. ಮರಿಯಪ್ಪ ಭಟ್ಟರು ಪರಿಷ್ಕರಿಸಿದ ಮೇಲೆ ಅದೇ ನಿಘಂಟು ಮದ್ರಾಸು ವಿಶ್ವವಿದ್ಯಾಲಯದಿಂದ ನಾಲ್ಕು ಸಂಪುಟವಾಗಿ ಬಂತು.

ಮಳೆಗೆ ವರ್ಷ ಅನ್ನುವುದು ಕಾವ್ಯದಲ್ಲಿ ಸರಿ. ನಮ್ಮ ಕೆಂಗೇರಿ ಕಡೆ ಹೊಲದಲ್ಲಿ ನಿಂತು ಹಾಗಂದರೆ ಯಾರಿಗೂ ತಿಳಿಯಲ್ಲ. ಇದನ್ನು ಬರೆಯುವ ಮುಂಚೆ ನನ್ನ ಆ ವಾಕ್ಯವನ್ನು ತಾತನಿಗೂ ಓದಿ ಹೇಳಿದೆ. ಯಾವುದು, ಹೋದ ವರ್ಷವೋ ಈ ವರ್ಷವೋ ಎಂದು ಕೇಳಿದರು.