ವೀರೇಂದ್ರ ಪಾಟೀಲ

ವೀರೇಂದ್ರ ಪಾಟೀಲ (28 ಫೆಬ್ರವರಿ 1924 – 14 ಮಾರ್ಚ್ 1997) ಕರ್ನಾಟಕದ ಹಿರಿಯ ರಾಜಕಾರಣಿ ಹಾಗೂ ರಾಜ್ಯದ ಮಾಜಿ ಮುಖ್ಯಮಂತ್ರಿ. ಹೈದರಾಬಾದ್ ಕರ್ನಾಟಕ, ಅಂದರೆ ಈಗಿನ ಕಲ್ಯಾಣ ಕರ್ನಾಟಕ ಭಾಗದಿಂದ ಮುಖ್ಯಮಂತ್ರಿ ಪದವಿಗೇರಿದವರಲ್ಲಿ ಇವರು ಮೊದಲಿಗರು. 18 ವರ್ಷಗಳ ಅಂತರದಲ್ಲಿ ಎರಡು ಬಾರಿ ಆ ಪದವಿಯನ್ನು ವಹಿಸಿಕೊಂಡ ಇವರು ಎರಡು ಸಲವೂ ಅವಧಿ ಪೂರ್ಣಗೊಳ್ಳುವ ಮೊದಲೇ ಅಧಿಕಾರದಿಂದ ಇಳಿಯಬೇಕಾಯಿತು.

ಜನನ ಮತ್ತು ಹಿನ್ನೆಲೆ

ಪಾಟೀಲರು ಕಲಬುರಗಿ ಜಿಲ್ಲೆಯ ಚಿಂಚೋಳಿಯವರು. ಬೀದರ್ ಜಿಲ್ಲೆಯ ಹುಮನಾಬಾದ್ ಸೀಮೆಗೆ ಹೊಂದಿಕೊಂಡಿರುವ ಈ ಪ್ರದೇಶ ಆಗ ಹೈದರಾಬಾದಿನ ನಿಜಾಮರ ಆಳ್ವಿಕೆಯಲ್ಲಿತ್ತು. ಉರ್ದು ರಾಜ್ಯಭಾಷೆಯಾಗಿದ್ದ ಆ ಸಂಸ್ಥಾನದಲ್ಲಿ ಕನ್ನಡ ಶಿಕ್ಷಣಕ್ಕೆ ಅವಕಾಶ ಅತಿ ಕಡಿಮೆಯಿತ್ತು. ಅವರು ಕಾನೂನು ಪದವಿ ಪಡೆದು ವಕೀಲಿ ವೃತ್ತಿ ನಡೆಸಿದರು. 1948ರ ಸೆಪ್ಟೆಂಬರಿನಲ್ಲಿ ಸಂಸ್ಥಾನ ಭಾರತದಲ್ಲಿ ವಿಲೀನವಾಯಿತು. 1956ರ ನವೆಂಬರ್ 1ರಂದು ಕಲಬುರಗಿ, ಬೀದರ್ ಮತ್ತು ರಾಯಚೂರಿನ ಕನ್ನಡ ಪ್ರದೇಶಗಳು ಮೈಸೂರು ರಾಜ್ಯಕ್ಕೆ ಸೇರಿದವು.

ಶಾಸಕರಾಗಿ

ಏಕೀಕರಣದ ನಂತರ ನಡೆದ ಮೊದಲ ಚುನಾವಣೆಯಲ್ಲಿ, 1957ರಲ್ಲಿ, ಪಾಟೀಲರು ಕಾಂಗ್ರೆಸ್ ಅಭ್ಯರ್ಥಿಯಾಗಿ ಚಿಂಚೋಳಿ ಕ್ಷೇತ್ರದಿಂದ ವಿಧಾನಸಭೆಗೆ ಆಯ್ಕೆಯಾದರು. 1962 ಮತ್ತು 1967ರಲ್ಲಿಯೂ ಅದೇ ಕ್ಷೇತ್ರದಿಂದ ಗೆದ್ದರು. ಎಸ್. ನಿಜಲಿಂಗಪ್ಪನವರ ಸಂಪುಟದಲ್ಲಿ ಲೋಕೋಪಯೋಗಿ ಸಚಿವರಾಗಿದ್ದರು. ಪಾಟೀಲರನ್ನೂ ರಾಮಕೃಷ್ಣ ಹೆಗಡೆಯವರನ್ನೂ ನಿಜಲಿಂಗಪ್ಪನವರ ಲವ-ಕುಶರೆಂದು ಜನ ಕರೆಯುತ್ತಿದ್ದರು.

ಮೊದಲ ಅವಧಿ (1968–1971)

ನಿಜಲಿಂಗಪ್ಪನವರು ರಾಷ್ಟ್ರೀಯ ಕಾಂಗ್ರೆಸ್ಸಿನ ಅಧ್ಯಕ್ಷರಾದ ಬಳಿಕ, 1968ರ ಮೇ 29ರಂದು ಪಾಟೀಲರು ಮುಖ್ಯಮಂತ್ರಿಯಾದರು. 1969ರಲ್ಲಿ ಪಕ್ಷ ಒಡೆದಾಗ ಅವರು ಇಂದಿರಾ ಗಾಂಧಿಯವರ ಬಣವನ್ನು ಸೇರದೆ, ನಿಜಲಿಂಗಪ್ಪನವರ ನೇತೃತ್ವದ ಸಂಸ್ಥಾ ಕಾಂಗ್ರೆಸ್ಸಿನಲ್ಲಿ ಉಳಿದರು. 1971ರ ಲೋಕಸಭಾ ಚುನಾವಣೆಯಲ್ಲಿ ರಾಜ್ಯದ ಎಲ್ಲ 27 ಸ್ಥಾನಗಳೂ ಇಂದಿರಾ ಬಣದ ಪಾಲಾದವು. ಶಾಸಕರು ಪಕ್ಷ ತೊರೆಯತೊಡಗಿದರು. ಮಾರ್ಚ್ 18ರಂದು ಸರ್ಕಾರ ಕೊನೆಗೊಂಡು, ರಾಷ್ಟ್ರಪತಿ ಆಳ್ವಿಕೆ ಜಾರಿಗೆ ಬಂದಿತು.

ಸಂಸತ್ತಿನಲ್ಲಿ

1972ರಿಂದ 1978ರವರೆಗೆ ಪಾಟೀಲರು ರಾಜ್ಯಸಭಾ ಸದಸ್ಯರಾಗಿದ್ದರು. 1978ರ ಚಿಕ್ಕಮಗಳೂರು ಲೋಕಸಭಾ ಉಪಚುನಾವಣೆಯಲ್ಲಿ ಜನತಾ ಪಕ್ಷದಿಂದ ಇಂದಿರಾ ಗಾಂಧಿಯವರ ವಿರುದ್ಧ ಸ್ಪರ್ಧಿಸಿ, ಸುಮಾರು 77 ಸಾವಿರ ಮತಗಳ ಅಂತರದಿಂದ ಸೋತರು. ಇಡೀ ದೇಶದ ಗಮನ ಸೆಳೆದಿದ್ದ ಈ ಚುನಾವಣೆಯ ತರುವಾಯ, ಅವರು ತಾವು ಎದುರಿಸಿದ್ದ ನಾಯಕಿಯ ಪಕ್ಷವನ್ನೇ ಸೇರಿದರು. 1980ರಲ್ಲಿ ಬಾಗಲಕೋಟೆಯಿಂದ ಲೋಕಸಭೆಗೆ ಆಯ್ಕೆಯಾಗಿ, ಕೇಂದ್ರದಲ್ಲಿ ಪೆಟ್ರೋಲಿಯಂ, ಹಡಗು ಮತ್ತು ಸಾರಿಗೆ, ಕಾರ್ಮಿಕ ಮುಂತಾದ ಖಾತೆಗಳನ್ನು ನಿರ್ವಹಿಸಿದರು. 1984ರಲ್ಲಿ ಕಲಬುರಗಿಯಿಂದ ಗೆದ್ದರು.

ಎರಡನೆಯ ಅವಧಿ (1989–1990)

1989ರ ವಿಧಾನಸಭಾ ಚುನಾವಣೆಯಲ್ಲಿ ಪ್ರದೇಶ ಕಾಂಗ್ರೆಸ್ ಅಧ್ಯಕ್ಷರಾಗಿ ಪಕ್ಷವನ್ನು ಮುನ್ನಡೆಸಿದ ಪಾಟೀಲರು ಮತ್ತೆ ಚಿಂಚೋಳಿಯಿಂದಲೇ ಗೆದ್ದರು. 224 ಸ್ಥಾನಗಳಲ್ಲಿ ಕಾಂಗ್ರೆಸ್ಸಿಗೆ 178 ದೊರೆತವು. ನವೆಂಬರ್ 30ರಂದು ಮುಖ್ಯಮಂತ್ರಿಯಾದ ಅವರು ಮದ್ಯದ ಗುತ್ತಿಗೆದಾರರ ಪ್ರಭಾವವನ್ನು ಹತ್ತಿಕ್ಕಿ ಅಬಕಾರಿ ವರಮಾನ ಹೆಚ್ಚಿಸಲು ಯತ್ನಿಸಿದರು. 1990ರ ಅಕ್ಟೋಬರಿನಲ್ಲಿ ಅವರು ಅಸ್ವಸ್ಥರಾಗಿದ್ದ ಸಮಯದಲ್ಲಿ ದಾವಣಗೆರೆ, ಚನ್ನಪಟ್ಟಣ ಮೊದಲಾದೆಡೆ ಕೋಮುಗಲಭೆಗಳು ನಡೆದವು. ರಾಜ್ಯಕ್ಕೆ ಬಂದಿದ್ದ ಪಕ್ಷಾಧ್ಯಕ್ಷ ರಾಜೀವ್ ಗಾಂಧಿಯವರು ಹಿಂದಿರುಗುವಾಗ, ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿಯೇ ನಾಯಕತ್ವ ಬದಲಾವಣೆಯನ್ನು ಪ್ರಕಟಿಸಿದರು. ಅಕ್ಟೋಬರ್ 10ರಂದು ರಾಷ್ಟ್ರಪತಿ ಆಳ್ವಿಕೆ ಜಾರಿಯಾಯಿತು. 17ರಂದು ಎಸ್. ಬಂಗಾರಪ್ಪನವರು ಮುಖ್ಯಮಂತ್ರಿಯಾದರು.

ನಿಧನ ಮತ್ತು ಪರಿಣಾಮ

ನಾಲ್ಕು ಬಾರಿ ಚಿಂಚೋಳಿಯನ್ನು ಪ್ರತಿನಿಧಿಸಿದ್ದ ವೀರೇಂದ್ರ ಪಾಟೀಲರು 1997ರ ಮಾರ್ಚ್ 14ರಂದು ನಿಧನರಾದರು. ಅವರನ್ನು ಪದಚ್ಯುತಗೊಳಿಸಿದ ರೀತಿಯು ಲಿಂಗಾಯತ ಮತದಾರರನ್ನು ಕಾಂಗ್ರೆಸ್ಸಿನಿಂದ ದೂರ ಮಾಡಿತೆಂಬುದು ರಾಜಕೀಯ ವಿಶ್ಲೇಷಕರ ಸಾಮಾನ್ಯ ಅಭಿಪ್ರಾಯ. 1994ರ ಚುನಾವಣೆಯಲ್ಲಿ ಪಕ್ಷದ ಬಲ 34 ಸ್ಥಾನಗಳಿಗೆ ಕುಸಿಯಿತು. ಹೈದರಾಬಾದ್ ಕರ್ನಾಟಕದ ಮತ್ತೊಬ್ಬರು ಮುಖ್ಯಮಂತ್ರಿಯಾದುದು 2004ರಲ್ಲಿ, ಎನ್. ಧರ್ಮಸಿಂಗ್ ಅವರ ಮೂಲಕ. ಶಾಸನಸಭೆಯಲ್ಲಿ ದೊರೆತ ಬಹುಮತವನ್ನು ಪಕ್ಷದ ವರಿಷ್ಠರ ತೀರ್ಮಾನ ಮೀರಬಹುದೇ ಎಂಬ ಚರ್ಚೆ ಎದ್ದಾಗಲೆಲ್ಲ 1990ರ ಈ ಪ್ರಸಂಗ ಇಂದಿಗೂ ಉಲ್ಲೇಖಗೊಳ್ಳುತ್ತದೆ.