ಕ್ಷಮೆಯಿಂದ ಬಂದ ಆಯುಸ್ಸು: ಶ್ರೀ ಜಗನ್ನಾಥದಾಸರು

ರಾಯಚೂರು ಸೀಮೆಯ ಮಾನವಿಗೆ ಸಮೀಪದ ಬ್ಯಾಗವಾಟ ಗ್ರಾಮದಲ್ಲಿ 1728ರಲ್ಲಿ ಜನಿಸಿದ ಶ್ರೀನಿವಾಸಾಚಾರ್ಯರು ತಾರುಣ್ಯದಲ್ಲಿಯೇ ಸಂಸ್ಕೃತದ ಘನವಿದ್ವಾಂಸರೆನಿಸಿದರು. ವಿದ್ಯೆಯೊಡನೆ ವಿದ್ಯಾಮದವೂ ಬೆಳೆಯಿತು. ಕಾಲಿಗೆ ಗೆಜ್ಜೆ ಕಟ್ಟಿ, ತಂಬೂರಿ ಹಿಡಿದು, ಬೀದಿಯಲ್ಲಿ ಕನ್ನಡದ ಪದಗಳನ್ನು ಹಾಡುವ ಹರಿದಾಸರು ಅವರ ಕಣ್ಣಿಗೆ ಅಲ್ಪರಾಗಿ ಕಂಡರು.

ದಾಸಶ್ರೇಷ್ಠರಾದ ವಿಜಯದಾಸರು ಮಾನವಿಗೆ ಬಿಜಯಂಗೈದಾಗ ಸಂತರ್ಪಣೆಗೆ ಆಚಾರ್ಯರನ್ನೂ ಆಹ್ವಾನಿಸಿದರು. ದಾಸರ ಪಂಕ್ತಿಯಲ್ಲಿ ಕೂಡಲು ಒಲ್ಲದ ಆಚಾರ್ಯರು, ಹೊತ್ತು ಮೀರಿ ಉಂಡರೆ ತಮಗೆ ಹೊಟ್ಟೆನೋವು ಬರುವುದೆಂದು ಸುಳ್ಳು ನೆಪವನ್ನು ಹೇಳಿ ಕಳುಹಿಸಿದರು. ಆ ಸುಳ್ಳೇ ಸತ್ಯವಾಗಿ ಅವರನ್ನು ಕಾಡಿತೆಂದು ಐತಿಹ್ಯ. ಔಷಧಗಳು ನಾಟಲಿಲ್ಲ. ಮಂತ್ರಾಲಯದಲ್ಲಿ ರಾಯರ ಸೇವೆಗೆ ನಿಂತಾಗ, ವಿಜಯದಾಸರಲ್ಲಿಯೇ ಕ್ಷಮೆ ಬೇಡಬೇಕೆಂದು ಸ್ವಪ್ನದಲ್ಲಿ ಸೂಚನೆಯಾಯಿತಂತೆ.

ತುಂಬಿದ ಊರಿನಲ್ಲಿ ತಮ್ಮನ್ನು ಹೀಗಳೆದವನು ಕೃಶದೇಹಿಯಾಗಿ ಕಾಲಿಗೆರಗಿದಾಗ ವಿಜಯದಾಸರು ಹಳೆಯ ಮಾತನ್ನು ಎತ್ತಲಿಲ್ಲ. ಹಗೆ ಸಾಧಿಸಲು ಅವರೇನೂ ಮಾಡಬೇಕಿರಲಿಲ್ಲ, ಸುಮ್ಮನಿದ್ದರೆ ಸಾಕಿತ್ತು. ಅವರು ಆಚಾರ್ಯರನ್ನು ಸಂತೈಸಿ, ಉತ್ತನೂರಿನಲ್ಲಿದ್ದ ಶಿಷ್ಯ ಗೋಪಾಲದಾಸರ ಬಳಿಗೆ ಕಳುಹಿಸಿದರು. ನಿಜವಾದ ಪರೀಕ್ಷೆ ಗೋಪಾಲದಾಸರದು. ತನಗಾದ ಅಪಮಾನವನ್ನು ಮರೆಯುವವರುಂಟು. ಗುರುವಿಗಾದ ಅಪಮಾನವನ್ನು ಮರೆಯುವ ಶಿಷ್ಯರು ವಿರಳ. ಅವರಾದರೋ ಗುರುವಿನ ಅಪ್ಪಣೆಯಂತೆ ಮಂತ್ರಿಸಿದ ಜೋಳದ ರೊಟ್ಟಿಯನ್ನು ಉಣಿಸಿ, ತಮ್ಮ ಆಯುಸ್ಸಿನ 40 ವರ್ಷಗಳನ್ನು ಆ ರೋಗಿಗೆ ಧಾರೆಯೆರೆದರೆಂದು ದಾಸಸಂಪ್ರದಾಯವು ನಂಬುತ್ತದೆ. ಗೋಪಾಲದಾಸರು 1762ರಲ್ಲಿ, ವಯಸ್ಸು 40ರ ಆಸುಪಾಸಿನಲ್ಲಿರುವಾಗಲೇ, ಹರಿಪದವನ್ನು ಸೇರಿದರು.

ಚೇತರಿಸಿಕೊಂಡ ಆಚಾರ್ಯರು ಪಂಢರಪುರಕ್ಕೆ ಹೋದರು. ಚಂದ್ರಭಾಗೆಯಲ್ಲಿ ಮುಳುಗಿದಾಗ ದೊರೆತ ಶಿಲೆಯಲ್ಲಿ ಜಗನ್ನಾಥವಿಠಲ ಎಂಬ ಅಂಕಿತವಿತ್ತೆಂದು ಪ್ರತೀತಿ. (ಮುಂಬ್ರಾ, ಠಾಣೆ, ಡೊಂಬಿವಲಿಗಳಿಂದ ವಿಠ್ಠಲನ ದರ್ಶನಕ್ಕೆ ಹೋಗುವ ನಮ್ಮ ಜನ ಮೀಯುವುದೂ ಅದೇ ನೀರಿನಲ್ಲಿ.) ಶ್ರೀನಿವಾಸಾಚಾರ್ಯರು ಅಂದಿನಿಂದ ಜಗನ್ನಾಥದಾಸರಾದರು. ಯಾವ ಗೆಜ್ಜೆ ತಂಬೂರಿಗಳನ್ನು ಹಳಿದಿದ್ದರೋ ಅವನ್ನೇ ಧರಿಸಿದರು. ಯಾವ ಕನ್ನಡವು ಶಾಸ್ತ್ರಕ್ಕೆ ಸಲ್ಲದೆಂದು ಬಗೆದಿದ್ದರೋ ಅದೇ ಕನ್ನಡದಲ್ಲಿ, ಭಾಮಿನೀ ಷಟ್ಪದಿಯ 32 ಸಂಧಿಗಳಲ್ಲಿ ಹರಿಕಥಾಮೃತಸಾರವನ್ನು ರಚಿಸಿ, ಮಧ್ವಶಾಸ್ತ್ರದ ಸಾರವನ್ನೆಲ್ಲ ಸಂಸ್ಕೃತವರಿಯದವರ ಕೈಗಿತ್ತರು. ತ್ರಿಪದಿಯ ತತ್ತ್ವಸುವ್ವಾಲಿಯಂತೂ ಹೆಂಗಳೆಯರ ಮನೆಮಾತಾಯಿತು.

1809ರ ಭಾದ್ರಪದ ಶುದ್ಧ ನವಮಿಯಂದು ದಾಸರು ಮಾನವಿಯಲ್ಲಿ ದೇಹವನ್ನು ತ್ಯಜಿಸಿದರು. ಆಗ ಅವರಿಗೆ 80 ದಾಟಿತ್ತು. ಗೋಪಾಲದಾಸರು ಅಗಲಿ 47 ವರ್ಷಗಳಾಗಿದ್ದವು.