ಶರಣ ಅಂಬಿಗರ ಚೌಡಯ್ಯನವರು

ಮಳೆಯನ್ನು ನೆಚ್ಚಿ ಬಾಳುವ ತಳಕಲ್ಲಿನ ಹೊಲಗಳಿಂದ ತುಂಗಭದ್ರೆಯ ನೀರು ಕಣ್ಣಿಗೆ ಬೀಳದು. ಆದರೂ ಕೊಪ್ಪಳ ನಾಡಿನ ತೆಂಕಣ ಎಲ್ಲೆಯಾಗಿ ಹರಿಯುವ ಆ ಹೊಳೆಯ ಮೇಲ್ಗಡೆಯ ದಂಡೆಯಲ್ಲಿ, 12ನೆಯ ಶತಮಾನದಲ್ಲಿ, ಹುಟ್ಟು ಹಿಡಿದು ಜನರನ್ನು ದಾಟಿಸಿದ ಅಂಬಿಗರ ಚೌಡಯ್ಯನವರ ಚರಿತ್ರೆಯು ಈ ಸೀಮೆಯ ಭಕ್ತರಿಗೆ ಪರಕೀಯವಾದುದಲ್ಲ.

ರಾಣೇಬೆನ್ನೂರು ತಾಲ್ಲೂಕಿನಲ್ಲಿ ಹೊಳೆಯ ದಂಡೆಗೆ ಚೌಡದಾನಪುರವೆಂಬ ಗ್ರಾಮವುಂಟು. ಮುಕ್ತೇಶ್ವರನ ಪ್ರಾಚೀನ ಶಿಲಾಲಯವು ಅಲ್ಲಿ ನೀರಿಗೆ ಸಮೀಪವಾಗಿ ನಿಂತಿರುವದು. ಚೌಡಯ್ಯನವರು ಐಕ್ಯರಾದ ಸ್ಥಳವು ಇದೇ ಎಂದು ಪ್ರತೀತಿ. ಗ್ರಾಮದ ಹೆಸರಿನಲ್ಲಿಯೇ ಅವರ ಹೆಸರು ನೆಲೆಸಿರುವದೆಂದು ಜನರು ನಂಬುವರು.

ಅಂದು ಹೊಳೆಗೆ ಸೇತುವೆಯಿಲ್ಲ. ಮುಂಗಾರಿನಲ್ಲಿ ಸಹ್ಯಾದ್ರಿಯ ನೀರು ಕೆಂಪಾಗಿ ಇಳಿದು ಬಂದಾಗ ಸಂತೆಗೆ ಹೋಗುವವನೂ, ಬಸುರಿಯೂ, ಜಂಗಮನೂ, ಅಧಿಕಾರಿಯೂ ಒಂದೇ ದೋಣಿಗಾಗಿ ಕಾಯಬೇಕು. ಸೆಳವನ್ನೂ ಮಡುವನ್ನೂ ನೀರಡಿಯ ಬಂಡೆಯನ್ನೂ ಅರಿಯದವನಿಗೆ ಅಲ್ಲಿ ಹುಟ್ಟು ಹಿಡಿಯುವ ಯೋಗ್ಯತೆಯಿಲ್ಲ. ಪ್ರಾಣವನ್ನೇ ಅಂಬಿಗನ ಕೈಗೊಪ್ಪಿಸಿ ದಾಟಿದವರು ದಡವೇರಿದೊಡನೆ ಅವನ ಕುಲವನ್ನು ನೆನೆದು ದೂರ ಸರಿಯುವದು ಲೋಕದ ರೀತಿ. ಚೌಡಯ್ಯನವರ ವಚನಗಳ ಕಟುತ್ವಕ್ಕೆ ಇದೇ ಬೇರೆಂದು ನಮಗೆ ತೋರುವದು. ಡಾಂಭಿಕರನ್ನು ಕಂಡರೆ ಅವರ ನಾಲಿಗೆಗೆ ದಾಕ್ಷಿಣ್ಯವಿರಲಿಲ್ಲ.

ಬಸವಣ್ಣನವರ ಅಂಕಿತವು ಕೃಷ್ಣಾ-ಮಲಪ್ರಭೆಗಳು ಕೂಡುವ ಸಂಗಮದ ದೇವನ ಹೆಸರು. ಬಹುತೇಕ ಶರಣರು ಹೀಗೆಯೇ ಇಷ್ಟದೈವದ ನಾಮವನ್ನು ಇರಿಸಿಕೊಂಡರು. ಚೌಡಯ್ಯನವರಾದರೋ ಜನರು ಕೀಳೆಂದು ಕರೆದ ಕಾಯಕವನ್ನೂ ತಮ್ಮ ಹೆಸರನ್ನೂ ಕೂಡಿಸಿ ಅದನ್ನೇ ಅಂಕಿತ ಮಾಡಿದರು. ಅಂಬಿಗನೆಂದು ಹೀಗಳೆದವರಿಗೆ ಅವರು ಕೊಟ್ಟ ಉತ್ತರವು, ನಂಬಿದವರನ್ನು ಭವದ ಹೊಳೆಯಿಂದಲೂ ದಾಟಿಸಬಲ್ಲೆನೆಂಬುದು. ಹೊಳೆಯ ಅನ್ನವನ್ನುಂಡ ಈ ಶರಣನ ಮಾರ್ಗವು ನದಿಯಲ್ಲಿ ಮುಳುಗಿದ ಮಾತ್ರಕ್ಕೆ ಪಾಪವು ತೊಳೆಯುವದೆಂದು ಒಪ್ಪಲಿಲ್ಲ. ದಿನವೂ ನೀರಿನಲ್ಲಿ ನೆನೆಯುವವನಿಗಿಂತ ಇದನ್ನು ಬಲ್ಲವರು ಯಾರು? ನದಿಯೊಡನೆ ಅವರಿಗಿದ್ದ ಸಂಬಂಧವು ಮೀಯುವದರದಲ್ಲ, ದುಡಿಯುವದರದು.

ಆ ಕಾಯಕವು ಬಹುಕಾಲ ಬಾಳಿತು. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಪೋರ್ಚುಗೀಸ ಪ್ರವಾಸಿ ಪಾಯೆಸನು ಆನೆಗೊಂದಿಯ ಕಡವಿನಲ್ಲಿ ಬುಟ್ಟಿಯಂತೆ ದುಂಡಾದ, ಚರ್ಮ ಹೊದಿಸಿದ ಹರಿಗೋಲುಗಳನ್ನು ಕಂಡು ಬರೆದಿರುವನು. ಜನರಷ್ಟೇ ಅಲ್ಲ, ಕುದುರೆ ಎತ್ತುಗಳೂ ಅವುಗಳಲ್ಲಿ ದಾಟುತ್ತಿದ್ದವು. 1953ರಲ್ಲಿ ಮುನಿರಾಬಾದಿನ ಬಳಿ ಹೊಳೆಗೆ ಅಣೆಕಟ್ಟು ಬಂದಿತು. ಸೇತುವೆಗಳು ಎದ್ದಂತೆ ಕಡವುಗಳು ಒಂದೊಂದಾಗಿ ಬರಿದಾದವು. ಪ್ರತಿವರ್ಷ ಜನವರಿ 21ರಂದು ನಾಡಿನಲ್ಲಿ ಚೌಡಯ್ಯನವರ ಜಯಂತಿಯು ನಡೆಯುವದು. ಆನೆಗೊಂದಿಯ ಬದಿಯಲ್ಲಿ ಹರಿಗೋಲುಗಳು ಇಂದಿಗೂ ನೀರಿಗಿಳಿಯುವದುಂಟು, ಯಾತ್ರಿಕರಿಗಾಗಿ.